ಸೋತ ಆಟ ತಿರುಗುವುದು ಹೇಗೆ? ಕ್ರೀಡೆಯ ಕಮ್‌ಬ್ಯಾಕ್ ಕುರಿತ ವಾದಗಳ ಸಮೀಕ್ಷೆ

2001ರ ಮಾರ್ಚ್ 14, ಕೋಲ್ಕತ್ತದ ಈಡನ್ ಗಾರ್ಡನ್ಸ್. ಆಸ್ಟ್ರೇಲಿಯಾ ವಿರುದ್ಧದ ಟೆಸ್ಟ್‌ನ ನಾಲ್ಕನೇ ದಿನ ಬೆಳಿಗ್ಗೆ ಆಟ ಶುರುವಾದಾಗ ಭಾರತದ ಎರಡನೇ ಇನಿಂಗ್ಸ್ ಮೊತ್ತ ನಾಲ್ಕು ವಿಕೆಟ್‌ಗೆ 254. ಸಂಜೆ ಆಟ ನಿಂತಾಗ ಅದೇ ನಾಲ್ಕು ವಿಕೆಟ್‌ಗೆ 589. ವಿ.ವಿ.ಎಸ್. ಲಕ್ಷ್ಮಣ್ ಮತ್ತು ರಾಹುಲ್ ದ್ರಾವಿಡ್ ಇಡೀ ದಿನ ಔಟಾಗದೆ 335 ರನ್ ಸೇರಿಸಿದ್ದರು. ಲಕ್ಷ್ಮಣ್‌ಗೆ ಬೆನ್ನುನೋವು, ದ್ರಾವಿಡ್‌ಗೆ ಜ್ವರದ ಸುಸ್ತು. ಬಿಡುವು ಸಿಕ್ಕಾಗಲೆಲ್ಲ ತಣ್ಣೀರಿನ ಟವೆಲ್ ಕುತ್ತಿಗೆಗೆ ಸುತ್ತಿಕೊಂಡು ಇಬ್ಬರೂ ಮತ್ತೆ ಕ್ರೀಸ್‌ಗೆ ಹೋಗುತ್ತಿದ್ದರು. ಆ ಇನಿಂಗ್ಸ್ ಮುಗಿಯುವಷ್ಟರಲ್ಲಿ ಆಸ್ಟ್ರೇಲಿಯಾ ನಾಯಕ ಸ್ಟೀವ್ ವಾ ತಮ್ಮನ್ನೂ ವಿಕೆಟ್ ಕೀಪರನ್ನೂ ಬಿಟ್ಟು ಉಳಿದ ಒಂಬತ್ತು ಮಂದಿಯ ಕೈಗೂ ಚೆಂಡು ಕೊಟ್ಟು ನೋಡಿದ್ದರು. ಮೊದಲ ಇನಿಂಗ್ಸ್‌ನಲ್ಲಿ 171ಕ್ಕೆ ಆಲೌಟಾಗಿ, 274 ರನ್ ಹಿಂದೆ ಬಿದ್ದು, ಫಾಲೋ ಆನ್‌ಗೆ ಸಿಕ್ಕಿಬಿದ್ದ ತಂಡ ಮರುದಿನ 171 ರನ್‌ಗಳಿಂದ ಗೆದ್ದಿತು. ಸತತ 16 ಟೆಸ್ಟ್ ಗೆದ್ದುಬಂದಿದ್ದ ಆಸ್ಟ್ರೇಲಿಯಾದ ಓಟ ಅಲ್ಲಿಗೆ ನಿಂತಿತು.

ಆ ಪಂದ್ಯದ ವಿವರ ನಮ್ಮಲ್ಲಿ ಎಷ್ಟೋ ಮಂದಿಗೆ ಬಾಯಿಪಾಠ. ಆದರೂ ಅದು ಏಕೆ ತಿರುಗಿತು ಎಂದು ಕೇಳಿದರೆ ಒಮ್ಮತವಿಲ್ಲ. ಇಬ್ಬರು ದಾಂಡಿಗರ ಛಲ ಎನ್ನುವವರಿದ್ದಾರೆ, ವಾ ಫಾಲೋ ಆನ್ ಹೇರಿ ದಣಿದ ಬೌಲರ್‌ಗಳನ್ನೇ ಮತ್ತೆ ದುಡಿಸಿದ ತಪ್ಪು ಎನ್ನುವವರಿದ್ದಾರೆ. ನೂರಾರು ಪಂದ್ಯಗಳಲ್ಲಿ ಒಂದು ಹೀಗೂ ಆಗುತ್ತದೆ, ಅದಕ್ಕೆ ಬೇರೆ ಕಾರಣ ಹುಡುಕಬೇಡಿ ಎನ್ನುವವರೂ ಇದ್ದಾರೆ. ಕ್ರೀಡಾಪುಟಗಳು ದಿನವೂ ಬಳಸುವ ಕಮ್‌ಬ್ಯಾಕ್ ಎಂಬ ಮಾತಿನೊಳಗೆ ಇಂಥ ಹಲವು ವಾದಗಳು ಒಟ್ಟಿಗೆ ಕುಳಿತಿವೆ. ಪಂದ್ಯದ ಒಳಗೇ ಸೋಲಿನ ಅಂಚಿನಿಂದ ಎದ್ದು ಬರುವುದಕ್ಕೂ ಅದೇ ಹೆಸರು. ಗಾಯ, ನಿವೃತ್ತಿ, ಹೆರಿಗೆ ಅಥವಾ ಆಯ್ಕೆಗಾರರ ಕಡೆಗಣನೆಯ ನಂತರ ಆಟಗಾರ ಅಂಗಳಕ್ಕೆ ಮರಳುವುದಕ್ಕೂ ಅದೇ ಹೆಸರು. ಈ ಎರಡಕ್ಕೂ ಒಂದೇ ಕಾರಣ ಇರಬೇಕಾಗಿಲ್ಲ. ಚರ್ಚೆಯ ಅರ್ಧ ಗೊಂದಲ ಹುಟ್ಟುವುದು ಇವನ್ನು ಒಂದೇ ಎಂದು ಭಾವಿಸುವುದರಿಂದ.

ಮರಳಿ ಬರಲಾಗದು ಎಂದಿದ್ದ ಕಾಲ

ಇಪ್ಪತ್ತನೇ ಶತಮಾನದ ಮೊದಲಾರ್ಧದಲ್ಲಿ ಬಾಕ್ಸಿಂಗ್ ಲೋಕ ಇದರ ಬಗ್ಗೆ ಖಚಿತವಾಗಿ ಮಾತನಾಡುತ್ತಿತ್ತು. ಹೆವಿವೇಟ್ ಪಟ್ಟ ಕಳೆದುಕೊಂಡವನು ಅಥವಾ ಬಿಟ್ಟುಹೋದವನು ಅದನ್ನು ಮತ್ತೆ ಪಡೆಯಲಾರ ಎಂಬುದು ಅಲ್ಲಿನ ನಂಬಿಕೆ. ಅದಕ್ಕೆ ದೊಡ್ಡ ಸಾಕ್ಷಿ ಜೇಮ್ಸ್ ಜೆಫ್ರೀಸ್. ಒಂದೂ ಸೋಲಿಲ್ಲದೆ 1905ರಲ್ಲಿ ನಿವೃತ್ತನಾಗಿದ್ದ ಅವನನ್ನು ಅಮೆರಿಕದ ಬಿಳಿಯರು ಮತ್ತೆ ಕಣಕ್ಕೆ ಎಳೆದು ತಂದರು. ಕಪ್ಪುವರ್ಣದ ಜ್ಯಾಕ್ ಜಾನ್ಸನ್ ವಿಶ್ವ ಚಾಂಪಿಯನ್ ಆಗಿರುವುದನ್ನು ಅವರಿಗೆ ಸಹಿಸಲಾಗಿರಲಿಲ್ಲ. 1910ರ ಜುಲೈ 4ರಂದು ರೀನೋ ನಗರದಲ್ಲಿ ನಡೆದ ಹೋರಾಟದ 15ನೇ ಸುತ್ತಿನಲ್ಲಿ ಜೆಫ್ರೀಸ್ ನೆಲಕ್ಕುರುಳಿದ. ಆಧುನಿಕ ಕ್ರೀಡೆಯ ಒಂದು ಪ್ರಸಿದ್ಧ ಕಮ್‌ಬ್ಯಾಕ್ ಹೀಗೆ ಸೋತ ಕಮ್‌ಬ್ಯಾಕ್. ಅದನ್ನು ಬಯಸಿದವನಿಗಿಂತ ಹೆಚ್ಚಾಗಿ ಬಯಸಿದವರು ಬೇರೆಯವರು ಎಂಬುದನ್ನೂ ಮರೆಯಬಾರದು.

ಆ ನಂಬಿಕೆ ಮುರಿದದ್ದು 1960ರಲ್ಲಿ, ಫ್ಲಾಯ್ಡ್ ಪ್ಯಾಟರ್ಸನ್ ಸ್ವೀಡನ್ನಿನ ಇಂಗೆಮರ್ ಯೋಹಾನ್ಸನ್‌ನನ್ನು ಸೋಲಿಸಿ ಹೆವಿವೇಟ್ ಪಟ್ಟ ಮರಳಿ ಪಡೆದಾಗ. ಅಲ್ಲಿಂದ ಮುಂದೆ ದಾರಿ ತೆರೆಯಿತು. ವಿಯೆಟ್ನಾಂ ಯುದ್ಧಕ್ಕೆ ಸೇರಲೊಪ್ಪದೆ 1967ರಲ್ಲಿ ಪಟ್ಟ ಕಳೆದುಕೊಂಡ ಮಹಮ್ಮದ್ ಅಲಿ 1974ರಲ್ಲಿ ಕಿನ್ಶಾಸಾದಲ್ಲಿ ಅದನ್ನು ಗೆದ್ದರು. ಅಂದು ಅವರಿಗೆ ಸೋತ ಜಾರ್ಜ್ ಫೋರ್ಮನ್ 1977ರಲ್ಲಿ ಬಾಕ್ಸಿಂಗ್ ಬಿಟ್ಟು ಧರ್ಮಬೋಧಕರಾಗಿ, ಹತ್ತು ವರ್ಷದ ನಂತರ ಮರಳಿ, 1994ರಲ್ಲಿ 45ನೇ ವಯಸ್ಸಿನಲ್ಲಿ ಮೈಕೆಲ್ ಮೂರರ್‌ನನ್ನು ಕೆಡವಿ ಮತ್ತೆ ಚಾಂಪಿಯನ್ ಆದರು. ಮರಳುವುದು ಅಸಾಧ್ಯ ಎಂದಿದ್ದ ಕಾಲ ಹೋಗಿ, ಮನಸ್ಸು ಮಾಡಿದರೆ ಯಾರಾದರೂ ಮರಳಬಹುದು ಎಂಬ ಕಾಲ ಬಂತು. ಎರಡನೆಯ ನಂಬಿಕೆಯೂ ಮೊದಲನೆಯದರಷ್ಟೇ ಅತಿ ಎಂದು ನನ್ನ ಅನಿಸಿಕೆ.

ಛಲವಾದ

ಎಲ್ಲಕ್ಕಿಂತ ಹಳೆಯದು, ಎಲ್ಲರಿಗೂ ಪ್ರಿಯವಾದುದು ಛಲದ ವಿವರಣೆ. ಇದರ ಪ್ರಕಾರ ಸೋಲು ಗೆಲುವು ನಿರ್ಧಾರವಾಗುವುದು ಆಟಗಾರನ ಮನೋಬಲದಲ್ಲಿ. ಇದಕ್ಕೆ ಉದಾಹರಣೆಗಳಿಗೆ ಬರವಿಲ್ಲ. 1976ರ ಆಗಸ್ಟ್ 1ರಂದು ಜರ್ಮನಿಯ ನ್ಯೂರ್‌ಬರ್ಗ್‌ರಿಂಗ್‌ನಲ್ಲಿ ನಿಕಿ ಲೌಡಾ ಅವರ ಫೆರಾರಿ ಕಾರು ಹೊತ್ತಿ ಉರಿಯಿತು. ಮುಖ, ತಲೆ ಸುಟ್ಟು, ಶ್ವಾಸಕೋಶಕ್ಕೆ ವಿಷದ ಹೊಗೆ ಹೊಕ್ಕಿತ್ತು. ಅದೇ ಲೌಡಾ ಆರು ವಾರ ಕಳೆಯುವಷ್ಟರಲ್ಲಿ ಇಟಲಿಯ ಮೊಂಜಾದಲ್ಲಿ ಮಾಯದ ಗಾಯಗಳ ಮೇಲೆ ಹೆಲ್ಮೆಟ್ ಧರಿಸಿ ನಾಲ್ಕನೆಯವರಾಗಿ ಗುರಿ ಮುಟ್ಟಿದರು.

ಆದರೆ ಲೌಡಾ ಕಥೆ ಅಲ್ಲಿಗೆ ನಿಲ್ಲುವುದಿಲ್ಲ, ಛಲವಾದಿಗಳು ನಿಲ್ಲಿಸಿಬಿಡುತ್ತಾರೆ. ಅದೇ ವರ್ಷದ ಕೊನೆಯ ರೇಸ್ ಜಪಾನಿನ ಫ್ಯೂಜಿಯಲ್ಲಿ, ಧಾರಾಕಾರ ಮಳೆಯಲ್ಲಿ. ಈ ಮಳೆಯಲ್ಲಿ ಓಡಿಸುವುದು ಅಪಾಯ ಎಂದು ಲೌಡಾ ಆರಂಭದಲ್ಲೇ ಕಾರು ನಿಲ್ಲಿಸಿ ಇಳಿದುಬಿಟ್ಟರು. ಜೇಮ್ಸ್ ಹಂಟ್‌ಗೆ ಒಂದೇ ಅಂಕದಿಂದ ವಿಶ್ವಪಟ್ಟ ಬಿಟ್ಟುಕೊಟ್ಟರು. ಮುಂದೆ 1977 ಮತ್ತು 1984ರಲ್ಲಿ ಮತ್ತೆ ಚಾಂಪಿಯನ್ ಆದರು. ಮೊಂಜಾದಲ್ಲಿ ಕಾರು ಹತ್ತಿದ್ದು ಛಲವಾದರೆ ಫ್ಯೂಜಿಯಲ್ಲಿ ಇಳಿದದ್ದನ್ನು ಏನೆನ್ನುವುದು? ಎರಡೂ ಒಬ್ಬನದೇ ವಿವೇಕ. ಛಲವನ್ನು ಕಣ್ಣುಮುಚ್ಚಿ ಮುನ್ನುಗ್ಗುವುದು ಎಂದು ಅರ್ಥ ಮಾಡಿಕೊಂಡರೆ ಎರಡನೆಯದು ನಮಗೆ ಕಾಣುವುದೇ ಇಲ್ಲ.

ಛಲವಾದದ ಇನ್ನೊಂದು ದೌರ್ಬಲ್ಯ ಇದಕ್ಕಿಂತ ಗಂಭೀರವಾದುದು. ಛಲವಿತ್ತು ಎಂದು ನಮಗೆ ಗೊತ್ತಾಗುವುದು ಗೆದ್ದ ಮೇಲೆ. ಗೆದ್ದೆತ್ತಿನ ಬಾಲ ಹಿಡಿಯುವುದು ಎಂಬ ನಮ್ಮ ಗಾದೆ ಇಲ್ಲಿ ಅಕ್ಷರಶಃ ಹೊಂದುತ್ತದೆ. ಟೆನಿಸ್‌ನ ಬಿಯಾನ್ ಬೋರ್ಗ್ 1991ರಲ್ಲಿ ಮಾಂಟೆ ಕಾರ್ಲೊಗೆ ಮರಳಿದಾಗ ಅವರ ಕೈಯಲ್ಲಿದ್ದದ್ದು ಹಳೆಯ ಮರದ ರಾಕೆಟ್. ಉಳಿದವರೆಲ್ಲ ಗ್ರಾಫೈಟ್‌ಗೆ ಬದಲಾಗಿ ವರ್ಷಗಳೇ ಆಗಿದ್ದವು. ಅವರು ಮೊದಲ ಪಂದ್ಯದಲ್ಲೇ ಸೋತರು. ಐದು ಬಾರಿ ವಿಂಬಲ್ಡನ್ ಗೆದ್ದವರಿಗೆ ಛಲ ಇರಲಿಲ್ಲ ಎನ್ನಲಾದೀತೇ?

ಒಬ್ಬರ ಏಳಿಗೆ, ಇನ್ನೊಬ್ಬರ ಕುಸಿತ

ಎರಡನೆಯ ಪಂಥ ಕಣ್ಣನ್ನು ಎದುರಾಳಿಯ ಕಡೆ ತಿರುಗಿಸುತ್ತದೆ. 1993ರ ವಿಂಬಲ್ಡನ್ ಮಹಿಳೆಯರ ಫೈನಲ್ ಇದರ ಪಾಠಪುಸ್ತಕ. ಜಾನಾ ನವೊಟ್ನಾ ಸ್ಟೆಫಿ ಗ್ರಾಫ್ ವಿರುದ್ಧ ಮೂರನೇ ಸೆಟ್‌ನಲ್ಲಿ 4–1 ಮುಂದಿದ್ದರು. ತಮ್ಮದೇ ಸರ್ವ್, 40–30. ಇನ್ನೊಂದು ಪಾಯಿಂಟ್ ಬಂದರೆ 5–1. ನವೊಟ್ನಾ ಡಬಲ್ ಫಾಲ್ಟ್ ಮಾಡಿದರು. ಅಲ್ಲಿಂದ ಒಂದೂ ಗೇಮ್ ಅವರಿಗೆ ದಕ್ಕಲಿಲ್ಲ. ಗ್ರಾಫ್ 6–4ರಲ್ಲಿ ಸೆಟ್ ಗೆದ್ದರು. ಬಹುಮಾನ ವಿತರಣೆಯಲ್ಲಿ ನವೊಟ್ನಾ ಕೆಂಟ್ ಡಚೆಸ್ ಅವರ ಹೆಗಲ ಮೇಲೆ ತಲೆಯಿಟ್ಟು ಅತ್ತರು. ಪತ್ರಿಕೆಗಳು ಗ್ರಾಫ್ ಮರಳಿ ಬಂದದ್ದಕ್ಕಿಂತ ನವೊಟ್ನಾ ಕೈಚೆಲ್ಲಿದ್ದನ್ನೇ ಬರೆದವು. ಅದೇ ನವೊಟ್ನಾ 1998ರಲ್ಲಿ ವಿಂಬಲ್ಡನ್ ಗೆದ್ದರು.

ಒತ್ತಡದಲ್ಲಿ ಪಳಗಿದ ಕೈ ಏಕೆ ತಪ್ಪುತ್ತದೆ ಎಂಬುದನ್ನು ಮನಶ್ಶಾಸ್ತ್ರಜ್ಞ ರಾಯ್ ಬೌಮೈಸ್ಟರ್ 1984ರಿಂದ ಅಧ್ಯಯನಕ್ಕೆ ಒಳಪಡಿಸಿದರು. ಅಭ್ಯಾಸಬಲದಿಂದ ತಾನಾಗಿ ನಡೆಯುವ ಕೆಲಸವನ್ನು, ಗೆಲುವು ಹತ್ತಿರವಾದಾಗ ಆಟಗಾರ ಒಂದೊಂದು ಹೆಜ್ಜೆಯಾಗಿ ಗಮನಿಸತೊಡಗುತ್ತಾನೆ. ಆ ಗಮನವೇ ಕೈಯನ್ನು ಬಿಗಿಗೊಳಿಸುತ್ತದೆ ಎಂಬುದು ಅದರ ಸಾರ. ಹಿಂದಿರುವವನಿಗೆ ಕಳೆದುಕೊಳ್ಳಲು ಏನೂ ಇಲ್ಲ, ಆದ್ದರಿಂದ ಅವನ ಕೈ ಹಗುರ.

ಇದಕ್ಕೆ ಹೊಂದಿಕೊಂಡಿರುವ ಇನ್ನೊಂದು ವಾದ ಮೊಮೆಂಟಮ್‌ನದು. ಒಂದು ಯಶಸ್ಸು ಮುಂದಿನ ಯಶಸ್ಸನ್ನು ಎಳೆದುಕೊಂಡು ಬರುತ್ತದೆ ಎಂದು ಆಟಗಾರರೂ ವೀಕ್ಷಕ ವಿವರಣೆಕಾರರೂ ಸಾರಾಸಗಟಾಗಿ ನಂಬುತ್ತಾರೆ. 2005ರ ಚಾಂಪಿಯನ್ಸ್ ಲೀಗ್ ಫೈನಲ್‌ನಲ್ಲಿ, ಇಸ್ತಾಂಬುಲ್‌ನಲ್ಲಿ, ಮಧ್ಯಂತರಕ್ಕೆ 0–3 ಹಿಂದಿದ್ದ ಲಿವರ್‌ಪೂಲ್ ಆರು ನಿಮಿಷಗಳ ಅವಧಿಯಲ್ಲಿ ಮೂರು ಗೋಲು ಹೊಡೆದು ಕೊನೆಗೆ ಪೆನಾಲ್ಟಿಯಲ್ಲಿ ಎ.ಸಿ. ಮಿಲಾನ್‌ನನ್ನು ಸೋಲಿಸಿದ್ದನ್ನು ಕಂಡವರಿಗೆ ಇದು ಸುಳ್ಳು ಎಂದು ಒಪ್ಪಿಸುವುದು ಕಷ್ಟ.

ಅಂಕಿಸಂಖ್ಯೆಯ ತಕರಾರು

ಒಪ್ಪಿಸಲು ಹೊರಟವರು ಅಂಕಿಸಂಖ್ಯೆ ಹಿಡಿದ ಮನಶ್ಶಾಸ್ತ್ರಜ್ಞರು. 1985ರಲ್ಲಿ ಥಾಮಸ್ ಗಿಲೊವಿಚ್, ರಾಬರ್ಟ್ ವಲೋನ್ ಮತ್ತು ಆಮೊಸ್ ಟ್ವೆರ್ಸ್ಕಿ ಬ್ಯಾಸ್ಕೆಟ್‌ಬಾಲ್ ಆಟಗಾರರ ಎಸೆತಗಳನ್ನು ಲೆಕ್ಕಹಾಕಿ, ಸತತ ಬುಟ್ಟಿಗೆ ಹಾಕಿದವನ ಮುಂದಿನ ಎಸೆತವೂ ಬೀಳುವ ಸಾಧ್ಯತೆ ಹೆಚ್ಚಾಗುವುದಿಲ್ಲ ಎಂದರು. ಕೈ ಬಿಸಿಯಾಗಿದೆ ಎಂಬುದು ನೋಡುವವರ ಭ್ರಮೆ ಎಂದಾಯಿತು. ಮೂವತ್ತು ವರ್ಷಕ್ಕೂ ಹೆಚ್ಚು ಕಾಲ ಇದೇ ವಿದ್ವತ್ ಲೋಕದ ಒಪ್ಪಿತ ಮಾತಾಗಿತ್ತು. 2018ರಲ್ಲಿ ಜೋಶುವಾ ಮಿಲ್ಲರ್ ಮತ್ತು ಆಡಮ್ ಸಂಹುರ್ಹೊ ಆ ಲೆಕ್ಕದಲ್ಲೇ ಸೂಕ್ಷ್ಮ ದೋಷವಿದೆಯೆಂದು ತೋರಿಸಿದರು. ಚಿಕ್ಕ ಸರಣಿಗಳಲ್ಲಿ, ಯಶಸ್ಸಿನ ನಂತರದ ಎಸೆತಗಳನ್ನು ಮಾತ್ರ ಆರಿಸಿ ಎಣಿಸಿದಾಗ ಸರಾಸರಿ ತಾನಾಗಿಯೇ ಕೆಳಗಿಳಿಯುತ್ತದೆ. ಅದನ್ನು ಸರಿಪಡಿಸಿದರೆ ಹಳೆಯ ಅಂಕಿಗಳಲ್ಲೇ ಬಿಸಿ ಕೈಯ ಗುರುತು ಕಾಣುತ್ತದೆ ಎಂದರು. ಆಟಗಾರರ ನಂಬಿಕೆ ಪೂರ್ತಿ ಹುಸಿಯಾಗಿರಲಿಲ್ಲ ಎಂಬುದು ನನಗಂತೂ ಸಂತೋಷದ ಸುದ್ದಿ. ಪ್ರತಿದಿನ ಆ ಕೆಲಸ ಮಾಡುವವರ ಅನುಭವವನ್ನು ಅಷ್ಟು ಬೇಗ ಭ್ರಮೆ ಎಂದು ತಳ್ಳಿಹಾಕಬಾರದಿತ್ತು.

ಹಿಂದಿರುವುದೇ ಲಾಭ ಎಂಬ ವಾದಕ್ಕೂ ಹೀಗೇ ಏರಿಳಿತ. ಜೋನಾ ಬರ್ಗರ್ ಮತ್ತು ಡೆವಿನ್ ಪೋಪ್ 2011ರಲ್ಲಿ, ಎನ್‌ಬಿಎ ಬ್ಯಾಸ್ಕೆಟ್‌ಬಾಲ್‌ನಲ್ಲಿ ಮಧ್ಯಂತರಕ್ಕೆ ಒಂದು ಅಂಕ ಹಿಂದಿರುವ ತಂಡ ಒಂದು ಅಂಕ ಮುಂದಿರುವ ತಂಡಕ್ಕಿಂತ ಹೆಚ್ಚು ಸಲ ಗೆಲ್ಲುತ್ತದೆ ಎಂದು ಪ್ರಕಟಿಸಿದಾಗ ಅದು ಬಹಳ ಸುದ್ದಿಯಾಯಿತು. ಸ್ವಲ್ಪ ಹಿಂದಿರುವುದು ಹುರುಪು ತರುತ್ತದೆ ಎಂಬ ಪಾಠ ನಿರ್ವಹಣಾ ತರಗತಿಗಳಿಗೂ ಹೋಯಿತು. ನಂತರ ಬೇರೆ ಸಂಶೋಧಕರು ಆಸ್ಟ್ರೇಲಿಯನ್ ಫುಟ್‌ಬಾಲ್, ಅಮೆರಿಕನ್ ಫುಟ್‌ಬಾಲ್, ರಗ್ಬಿ ಪಂದ್ಯಗಳಲ್ಲಿ ಹುಡುಕಿದಾಗ ಅದು ಸಿಗಲಿಲ್ಲ. ಬ್ಯಾಸ್ಕೆಟ್‌ಬಾಲ್‌ನಲ್ಲೂ ಮೊದಲ ಅಧ್ಯಯನದ ವರ್ಷಗಳನ್ನು ಬಿಟ್ಟು ಉಳಿದ ವರ್ಷಗಳಲ್ಲಿ ಸಿಗಲಿಲ್ಲ.

ಇವೆಲ್ಲಕ್ಕಿಂತ ಹಳೆಯದೂ ಗಟ್ಟಿಯೂ ಆದದ್ದು ಸರಾಸರಿಗೆ ಮರಳುವಿಕೆಯ ತತ್ತ್ವ. ಹತ್ತೊಂಬತ್ತನೇ ಶತಮಾನದಲ್ಲಿ ಫ್ರಾನ್ಸಿಸ್ ಗಾಲ್ಟನ್ ಗುರುತಿಸಿದ್ದು ಇದು. ಅದನ್ನು ಡೇನಿಯಲ್ ಕಾನೆಮನ್ ಇಸ್ರೇಲಿನ ವಾಯುಪಡೆ ತರಬೇತುದಾರರ ಮೂಲಕ ಮನಮುಟ್ಟುವಂತೆ ವಿವರಿಸಿದರು. ಕೆಟ್ಟದಾಗಿ ವಿಮಾನ ಹಾರಿಸಿದವನನ್ನು ಬೈದರೆ ಮುಂದಿನ ಸಲ ಸುಧಾರಿಸುತ್ತಾನೆ, ಚೆನ್ನಾಗಿ ಹಾರಿಸಿದವನನ್ನು ಹೊಗಳಿದರೆ ಹದಗೆಡುತ್ತಾನೆ ಎಂದು ಆ ತರಬೇತುದಾರರು ನಂಬಿದ್ದರು. ವಾಸ್ತವದಲ್ಲಿ ಬೈಗುಳಕ್ಕೂ ಹೊಗಳಿಕೆಗೂ ಸಂಬಂಧವಿರಲಿಲ್ಲ. ತೀರಾ ಕೆಟ್ಟ ಪ್ರಯತ್ನದ ಮುಂದಿನದು ಸಾಮಾನ್ಯವಾಗಿ ಅಷ್ಟು ಕೆಟ್ಟದಿರುವುದಿಲ್ಲ. ಫಾರ್ಮ್ ಕಳೆದುಕೊಂಡ ದಾಂಡಿಗ ಮತ್ತೆ ರನ್ ಹೊಡೆದಾಗ ನಾವು ಕಾಣುವ ಕಮ್‌ಬ್ಯಾಕ್‌ನಲ್ಲಿ ಇದರ ಪಾಲು ದೊಡ್ಡದು. ಅವನನ್ನು ಆಡಲು ಬಿಟ್ಟಿದ್ದರೆ ಸಾಕಿತ್ತು.

ಅದೃಷ್ಟದ ಪಾಲನ್ನೂ ಮರೆಯಬಾರದು. ಟೆಸ್ಟ್ ಚರಿತ್ರೆಯಲ್ಲಿ ಫಾಲೋ ಆನ್ ಪಡೆದ ತಂಡ ಗೆದ್ದಿರುವುದು ನಾಲ್ಕೇ ಸಲ: 1894ರ ಸಿಡ್ನಿ, 1981ರ ಹೆಡಿಂಗ್ಲಿ, 2001ರ ಕೋಲ್ಕತ್ತ, 2023ರ ವೆಲಿಂಗ್ಟನ್. ಸಿಡ್ನಿಯಲ್ಲಿ ಆಸ್ಟ್ರೇಲಿಯಾಕ್ಕೆ ಎಂಟು ವಿಕೆಟ್ ಕೈಯಲ್ಲಿದ್ದು ಇನ್ನು 64 ರನ್ ಬೇಕಿತ್ತು. ರಾತ್ರಿ ಮಳೆ ಸುರಿಯಿತು. ಹೊದಿಕೆಯಿಲ್ಲದ ಪಿಚ್ ಮೇಲೆ ಬೆಳಿಗ್ಗೆ ಬಿಸಿಲು ಬಿದ್ದಾಗ ಇಂಗ್ಲೆಂಡಿನ ಸ್ಪಿನ್ನರ್ ಬಾಬಿ ಪೀಲ್ ಆಡಲಾಗದಂತೆ ಚೆಂಡು ತಿರುಗಿಸಿ ಹತ್ತು ರನ್‌ಗಳಿಂದ ಪಂದ್ಯ ಗೆಲ್ಲಿಸಿದರು. ಆ ಗೆಲುವಿನಲ್ಲಿ ಪೀಲ್ ಎಷ್ಟು, ಮಳೆ ಎಷ್ಟು?

ನಿಯಮವೇ ಕೊಡುವ ಅವಕಾಶ

ಒಂದು ಆಟದಲ್ಲಿ ಕಮ್‌ಬ್ಯಾಕ್ ಸಲೀಸು, ಇನ್ನೊಂದರಲ್ಲಿ ಅಪರೂಪ. ಟೆನಿಸ್‌ನಲ್ಲಿ ಗಡಿಯಾರವಿಲ್ಲ, ಕೊನೆಯ ಪಾಯಿಂಟ್ ಗೆಲ್ಲುವತನಕ ಯಾರೂ ಗೆದ್ದಿಲ್ಲ. ಫುಟ್‌ಬಾಲ್‌ನಲ್ಲಿ ಗೋಲುಗಳೇ ಕಡಿಮೆ, ಸಮಯ ಓಡುತ್ತಿರುತ್ತದೆ. ನಮ್ಮ ಕಬಡ್ಡಿಯಂತೂ ಸೋಲುತ್ತಿರುವವರ ಕೈ ಹಿಡಿಯುವ ಆಟ. ಪ್ರೊ ಕಬಡ್ಡಿಯಲ್ಲಿ ಅಂಗಳದಲ್ಲಿ ಮೂವರು ಅಥವಾ ಅದಕ್ಕಿಂತ ಕಡಿಮೆ ಮಂದಿ ಉಳಿದಾಗ ರೈಡರನ್ನು ಹಿಡಿದರೆ ಸೂಪರ್ ಟ್ಯಾಕಲ್, ಒಂದರ ಬದಲು ಎರಡು ಅಂಕ. ಹೊರಗೆ ಕೂತವನೊಬ್ಬ ಒಳಗೂ ಬರುತ್ತಾನೆ. ಆಲೌಟ್ ಆಗುವ ಅಂಚಿನಲ್ಲಿರುವ ತಂಡಕ್ಕೆ ಏಣಿ ಹಾಕಿಕೊಡುವುದು ಅಲ್ಲಿ ನಿಯಮದಲ್ಲೇ ಇದೆ. ಮನೋಬಲದ ಕಥೆ ಹೇಳುವವರು ನಿಯಮಪುಸ್ತಕವನ್ನೂ ಒಮ್ಮೆ ತೆರೆದು ನೋಡಬೇಕು.

ಬಾಗಿಲು ತೆರೆದವರು

ಪಂದ್ಯದೊಳಗಿನ ಮಾತು ಬಿಟ್ಟು ಆಟಗಾರನ ಬದುಕಿಗೆ ಬಂದರೆ ದೇಹದ ಪ್ರಶ್ನೆ ಮೊದಲು ಎದುರಾಗುತ್ತದೆ. ಹಿಂದೆ ಮೊಣಕಾಲು ಅಥವಾ ಭುಜ ಹೋದರೆ ಆಟವೂ ಹೋಯಿತು ಎಂದಿತ್ತು. ಶಸ್ತ್ರಚಿಕಿತ್ಸೆ ಮತ್ತು ಫಿಸಿಯೊಥೆರಪಿ ಅದನ್ನು ಬದಲಿಸಿವೆ. ಗಾಲ್ಫ್ ಆಟಗಾರ ಟೈಗರ್ ವುಡ್ಸ್ 2017ರಲ್ಲಿ ಬೆನ್ನುಮೂಳೆಯ ಶಸ್ತ್ರಚಿಕಿತ್ಸೆ ಮಾಡಿಸಿಕೊಂಡು, 2019ರಲ್ಲಿ ಮಾಸ್ಟರ್ಸ್ ಗೆದ್ದರು. ಅದಕ್ಕೆ ಹಿಂದಿನ ಅವರ ಮೇಜರ್ ಗೆಲುವು 2008ರದು.

ಆದರೆ ದೇಹ ಗುಣವಾದ ಮೇಲೂ ಜಾಗ ಬೇಕು. ಈ ಸಮೀಕ್ಷೆಯಲ್ಲಿ ನನಗೆ ಅತಿ ಮುಖ್ಯ ಎನಿಸಿದ್ದೂ, ಅತಿ ಕಡಿಮೆ ಬರೆಯಲಾದದ್ದೂ ಇದೇ. 2001ರ ಜನವರಿಯಲ್ಲಿ ಅನಿಲ್ ಕುಂಬ್ಳೆ ಭುಜದ ಶಸ್ತ್ರಚಿಕಿತ್ಸೆ ಮಾಡಿಸಿಕೊಂಡಿದ್ದರಿಂದ ಆಸ್ಟ್ರೇಲಿಯಾ ಸರಣಿಗೆ ಇರಲಿಲ್ಲ. ತಂಡದಿಂದ ದೂರವಾಗಿದ್ದ ಹರ್ಭಜನ್ ಸಿಂಗ್‌ಗೆ ಆಗ ಬಾಗಿಲು ತೆರೆಯಿತು. ಈಡನ್‌ನ ಹ್ಯಾಟ್ರಿಕ್ ಸೇರಿ ಮೂರು ಟೆಸ್ಟ್‌ಗಳಲ್ಲಿ 32 ವಿಕೆಟ್. ಎರಡೂವರೆ ವರ್ಷಕ್ಕೂ ಹೆಚ್ಚು ಕಾಲದ ನಂತರ ಆಸ್ಟ್ರೇಲಿಯಾ ಪ್ರವಾಸದಲ್ಲಿ ಇದು ತಲೆಕೆಳಗಾಯಿತು. ಬ್ರಿಸ್ಬೇನ್‌ನಲ್ಲಿ ಆಡಿದ್ದು ಹರ್ಭಜನ್, ಹೊರಗೆ ಕೂತದ್ದು ಕುಂಬ್ಳೆ. ಹರ್ಭಜನ್ ಬೆರಳಿಗೆ ಗಾಯವಾಯಿತು. ಅಡಿಲೇಡ್‌ನಲ್ಲಿ ಒಳಗೆ ಬಂದ ಕುಂಬ್ಳೆ ಆ ಸರಣಿಯ ಉಳಿದ ಮೂರು ಟೆಸ್ಟ್‌ಗಳಲ್ಲಿ 24 ವಿಕೆಟ್ ಕಿತ್ತರು, ಸಿಡ್ನಿಯೊಂದರಲ್ಲೇ 12. ಇಬ್ಬರ ಕಮ್‌ಬ್ಯಾಕ್‌ಗೂ ಇನ್ನೊಬ್ಬರ ನೋವು ದಾರಿಯಾಗಿತ್ತು. ಅವರ ಸಾಧನೆ ಇದರಿಂದ ಕಿರಿದಾಗುವುದಿಲ್ಲ. ಅಂಥ ಗಾಯಗಳು ಆಗದೇ ಇದ್ದಿದ್ದರೆ ಅದೇ ಸಾಧನೆ ಕಣ್ಣಿಗೆ ಬೀಳುತ್ತಲೇ ಇರಲಿಲ್ಲ ಅಷ್ಟೆ.

ಈಡನ್‌ನಲ್ಲೂ ಹೀಗೊಂದು ತೀರ್ಮಾನವಿತ್ತು. ಮೊದಲ ಇನಿಂಗ್ಸ್‌ನಲ್ಲಿ ಆರನೇ ಕ್ರಮಾಂಕದಲ್ಲಿ 59 ಹೊಡೆದಿದ್ದ ಲಕ್ಷ್ಮಣ್‌ರನ್ನು ಮೂರಕ್ಕೆ ಏರಿಸಿ, ರನ್ ಬರದೆ ಕಷ್ಟಪಡುತ್ತಿದ್ದ ದ್ರಾವಿಡ್‌ರನ್ನು ಆರಕ್ಕೆ ಇಳಿಸಲಾಯಿತು. ಒಬ್ಬರಿಗೆ ಬಡ್ತಿ, ಇನ್ನೊಬ್ಬರಿಗೆ ಹಿಂಬಡ್ತಿ. ದ್ರಾವಿಡ್‌ರನ್ನು ತಂಡದಿಂದಲೇ ಕೈಬಿಟ್ಟಿದ್ದರೆ ಆ 180 ಎಲ್ಲಿಂದ ಬರುತ್ತಿತ್ತು? ಜಾವಗಲ್ ಶ್ರೀನಾಥ್ 2003ರ ವಿಶ್ವಕಪ್‌ನಲ್ಲಿ 16 ವಿಕೆಟ್ ಪಡೆದದ್ದರ ಹಿಂದೆಯೂ, ದೂರ ಸರಿಯುತ್ತಿದ್ದವರನ್ನು ಮರಳಿ ಕರೆದ ನಾಯಕ ಸೌರವ್ ಗಂಗೂಲಿ ಇದ್ದರು.

ಮಹಿಳಾ ಕ್ರೀಡೆಯಲ್ಲಿ ಈ ಬಾಗಿಲಿನ ಪ್ರಶ್ನೆ ಇನ್ನೂ ಸ್ಪಷ್ಟ. ತಾಯಿಯಾದ ಮೇಲೆ ಕಿಮ್ ಕ್ಲೈಸ್ಟರ್ಸ್ 2009ರ ಯುಎಸ್ ಓಪನ್‌ಗೆ ವೈಲ್ಡ್ ಕಾರ್ಡ್ ಮೂಲಕ ಬಂದು ಪ್ರಶಸ್ತಿಯನ್ನೇ ಗೆದ್ದರು. ವೈಲ್ಡ್ ಕಾರ್ಡ್ ಎಂದರೆ ರ‍್ಯಾಂಕಿಂಗ್ ನೋಡದೆ ಸಂಘಟಕರು ಕೊಡುವ ಪ್ರವೇಶ. ಅದು ಅವರ ಹೆಸರಿಗೆ ಸಿಕ್ಕಿತು. 2018ರ ಫ್ರೆಂಚ್ ಓಪನ್‌ಗೆ ಸೆರೆನಾ ವಿಲಿಯಮ್ಸ್ ಮಗು ಹೆತ್ತು ಮರಳಿದಾಗ ಶ್ರೇಯಾಂಕ ನೀಡಲಿಲ್ಲ. ದೊಡ್ಡ ಚರ್ಚೆಯೆದ್ದಿತು, ಅದೇ ವರ್ಷದ ಕೊನೆಗೆ ಮಹಿಳಾ ಟೆನಿಸ್ ಸಂಸ್ಥೆ ತಾಯಂದಿರ ರ‍್ಯಾಂಕಿಂಗ್ ರಕ್ಷಿಸಲು ನಿಯಮ ಬದಲಿಸಿತು. ಅವಳಿ ಮಕ್ಕಳ ತಾಯಿಯಾಗಿ 2008ರಲ್ಲಿ ಬಾಕ್ಸಿಂಗ್ ವಿಶ್ವ ಚಾಂಪಿಯನ್‌ಷಿಪ್ ಗೆದ್ದ ಮೇರಿ ಕೋಮ್, 2020ರಲ್ಲಿ ಹೋಬಾರ್ಟ್ ಡಬಲ್ಸ್ ಗೆದ್ದ ಸಾನಿಯಾ ಮಿರ್ಜಾ ನಮ್ಮ ಕಣ್ಣಮುಂದಿದ್ದಾರೆ. ಇವರನ್ನು ಪವಾಡವೆಂದು ಕೊಂಡಾಡುವ ಭರದಲ್ಲಿ, ಹೆರಿಗೆಯ ನಂತರ ಮರಳಲು ತರಬೇತಿ, ಹಣ, ಮಗು ನೋಡಿಕೊಳ್ಳುವವರು ಯಾವುದೂ ಇಲ್ಲದೆ ಆಟ ಬಿಟ್ಟ ಹೆಣ್ಣುಮಕ್ಕಳನ್ನು ನಾವು ಎಣಿಸುವುದೇ ಇಲ್ಲ.

ಇನ್ನೂ ತೀರ್ಮಾನವಾಗದವು

ಗೆದ್ದವನ ಏಳಿಗೆಯನ್ನೂ ಸೋತವನ ಕುಸಿತವನ್ನೂ ಬೇರ್ಪಡಿಸಿ ಅಳೆಯುವ ವಿಧಾನ ಇನ್ನೂ ಸಿಕ್ಕಿಲ್ಲ. ಬಿಸಿ ಕೈ ಇದೆ ಎಂದು ಒಪ್ಪಿದರೂ ಅದು ಎಷ್ಟು ದೊಡ್ಡದು, ಒಂದು ಪಂದ್ಯವನ್ನು ತಿರುಗಿಸುವಷ್ಟು ಬಲ ಅದಕ್ಕಿದೆಯೇ ಎಂಬುದರಲ್ಲಿ ಜಗಳ ಮುಂದುವರಿದಿದೆ. ಈಡನ್ ನಂತರ ಎಷ್ಟೋ ನಾಯಕರು ಫಾಲೋ ಆನ್ ಹೇರಲು ಹಿಂಜರಿದರು. 2023ರಲ್ಲಿ ವೆಲಿಂಗ್ಟನ್‌ನಲ್ಲಿ ಇಂಗ್ಲೆಂಡ್ ನಾಯಕ ಬೆನ್ ಸ್ಟೋಕ್ಸ್ ಹೇರಿ ಒಂದು ರನ್‌ನಿಂದ ಸೋತರು. ಇಂಥ ಬೆರಳೆಣಿಕೆಯ ಉದಾಹರಣೆಗಳಿಂದ ನಾಯಕರು ಕಲಿತದ್ದು ಸರಿಯಾದ ಪಾಠವೋ ಅಲ್ಲವೋ ಹೇಳುವುದು ಕಷ್ಟ.

ಯಾವುದನ್ನು ಯಶಸ್ವಿ ಕಮ್‌ಬ್ಯಾಕ್ ಎನ್ನಬೇಕು ಎಂಬುದೂ ಇತ್ಯರ್ಥವಾಗಿಲ್ಲ. ಬೆಂಗಳೂರಿನಲ್ಲಿ ಬೆಳೆದ ಕರುಣ್ ನಾಯರ್ 2016ರ ಡಿಸೆಂಬರ್‌ನಲ್ಲಿ ಚೆನ್ನೈಯಲ್ಲಿ ಇಂಗ್ಲೆಂಡ್ ವಿರುದ್ಧ ಅಜೇಯ 303 ಹೊಡೆದರು. ಭಾರತದ ಮುಂದಿನ ಟೆಸ್ಟ್‌ನಲ್ಲೇ, ಅಜಿಂಕ್ಯ ರಹಾನೆ ಗುಣವಾಗಿ ಬಂದದ್ದರಿಂದ, ಅವರಿಗೆ ಜಾಗವಿರಲಿಲ್ಲ. 2017ರ ಮಾರ್ಚ್ ನಂತರ ಭಾರತಕ್ಕೆ ಆಡಲಿಲ್ಲ. 2018ರಲ್ಲಿ ಇಂಗ್ಲೆಂಡ್‌ಗೆ ಕರೆದೊಯ್ದು ಒಂದೂ ಟೆಸ್ಟ್ ಆಡಿಸಲಿಲ್ಲ. ಮುಂದೆ ಕರ್ನಾಟಕ ತಂಡದಲ್ಲೂ ಸ್ಥಾನ ಹೋಯಿತು. ಇನ್ನೊಂದು ಅವಕಾಶ ಕೊಡು ಎಂದು ಅವರು 2022ರಲ್ಲಿ ಕ್ರಿಕೆಟ್ಟನ್ನೇ ಉದ್ದೇಶಿಸಿ ಟ್ವೀಟ್ ಮಾಡಿದಾಗ ಅದನ್ನು ಓದಿ ನೊಂದುಕೊಂಡವರು ರಾಜ್ಯದಲ್ಲಿ ಬಹಳ ಮಂದಿ. ವಿದರ್ಭ ಅವರಿಗೆ ಜಾಗ ಕೊಟ್ಟಿತು. 2024–25ರ ವಿಜಯ್ ಹಜಾರೆ ಟೂರ್ನಿಯಲ್ಲಿ 779 ರನ್, ರಣಜಿ ಫೈನಲ್‌ನಲ್ಲಿ 86 ಮತ್ತು 135. 2025ರ ಜೂನ್‌ನಲ್ಲಿ, ಎಂಟು ವರ್ಷಕ್ಕೂ ಹೆಚ್ಚು ಕಾಲದ ನಂತರ, ಮತ್ತೆ ಟೆಸ್ಟ್ ಕ್ಯಾಪ್. ಹೆಡಿಂಗ್ಲಿಯಲ್ಲಿ ಮೊದಲ ಇನಿಂಗ್ಸ್‌ನಲ್ಲೇ ಸೊನ್ನೆ. ಆ ಸರಣಿಯಲ್ಲಿ ಆಡಿದ ನಾಲ್ಕು ಟೆಸ್ಟ್‌ಗಳಲ್ಲಿ ಒಂದೇ ಅರ್ಧಶತಕ, ಓವಲ್‌ನಲ್ಲಿ 57. ಮುಂದಿನ ಸರಣಿಗೆ ಮತ್ತೆ ಹೊರಗೆ. ರನ್ ಪಟ್ಟಿ ನೋಡಿದರೆ ಇದು ವಿಫಲ ಕಮ್‌ಬ್ಯಾಕ್. ಮುಚ್ಚಿದ ಬಾಗಿಲನ್ನು ದೇಶೀಯ ಕ್ರಿಕೆಟ್‌ನ ರನ್‌ಗಳಿಂದಲೇ ತೆರೆಸಿದ್ದನ್ನು ನೋಡಿದರೆ ಇದಕ್ಕಿಂತ ದೊಡ್ಡ ಕಮ್‌ಬ್ಯಾಕ್ ಇತ್ತೀಚೆಗೆ ಕಂಡಿಲ್ಲ. ನಾನು ಎರಡನೆಯ ಮಾತಿನ ಪರ. ಎಂಟು ವರ್ಷ ಕಾದವನನ್ನು ನಾಲ್ಕು ಟೆಸ್ಟ್‌ಗಳಲ್ಲಿ ಅಳೆದುಬಿಡುವ ತಕ್ಕಡಿಯ ಮೇಲೆ ನನಗೆ ನಂಬಿಕೆಯಿಲ್ಲ.

ಕೊನೆಯದು ಎಲ್ಲಕ್ಕಿಂತ ಕಠಿಣ. ಮರಳಿ ಬಂದವರ ಪಟ್ಟಿ ನಮ್ಮಲ್ಲಿದೆ. ಅಷ್ಟೇ ಕಷ್ಟಪಟ್ಟು ಅಭ್ಯಾಸ ಮಾಡಿ, ಅಷ್ಟೇ ರನ್ ಹೊಡೆದು, ಕರೆ ಬಾರದೆ ಉಳಿದವರ ಪಟ್ಟಿ ಇಲ್ಲ. ಅದಿಲ್ಲದೆ ಛಲ ಎಷ್ಟು, ಅವಕಾಶ ಎಷ್ಟು ಎಂದು ಲೆಕ್ಕ ಹಾಕುವುದು ಸಾಧ್ಯವಿಲ್ಲ. ರಣಜಿ ಸ್ಕೋರ್ ಪುಸ್ತಕಗಳಲ್ಲಿ ಆ ಲೆಕ್ಕದ ಅರ್ಧ ಇದೆ. ಉಳಿದರ್ಧ ಇರುವುದು ಆಯ್ಕೆ ಸಮಿತಿಯ ಸಭೆಗಳಲ್ಲಿ, ಯಾರ ಹೆಸರು ಬಂತು, ಯಾವ ಕಾರಣಕ್ಕೆ ಬಿದ್ದುಹೋಯಿತು ಎಂಬ ಮಾತುಗಳಲ್ಲಿ. ಆ ಮಾತುಗಳು ಸಾರ್ವಜನಿಕರ ಕೈಗೆ ಬರುವ ಪದ್ಧತಿ ಭಾರತದ ಕ್ರಿಕೆಟ್‌ನಲ್ಲಿ ಇನ್ನೂ ಬಂದಿಲ್ಲ.